ಕೆಂಪು ಪರದೆಯ ಕೆಳಗೆ

“ಕಿರಣಾವತಿಯ ಪ್ರಜೆಗಳೆಲ್ಲ ಕೇಳಿರಿ. ಚಿತ್ರಭಾನು ಮಹಾರಾಜರು ಮೂರು ಒಗಟು ಒಡ್ಡಲಿದ್ದಾರೆ. ಮೂರನ್ನೂ ಬಿಡಿಸಿದವರಿಗೆ ಕೇಳಿದ್ದು ಸಿಗುತ್ತದೆ. ಒಂದಕ್ಕೆ ತಪ್ಪಿದರೂ ತಲೆ ಹೋಗುತ್ತದೆ. ಯಾರಿಗೂ ಬಲವಂತವಿಲ್ಲ.”

ಡಂಗುರದವನು ಕೊನೆಯ ಮಾತನ್ನು ಎರಡು ಸಲ ಹೇಳಿದ. ಅದರಿಂದಲೇ ಜನಕ್ಕೆ ಅನುಮಾನ ಬಂತು.

ಆ ಊರಿನಲ್ಲಿ ಅನುಮಾನಕ್ಕೇನೂ ಬರವಿರಲಿಲ್ಲ. ರಾಜನಿಗೆ ಅಡುಗೆಯವನ ಮೇಲೆ ಅನುಮಾನ, ಅಡುಗೆಯವನಿಗೆ ರುಚಿ ನೋಡುವವನ ಮೇಲೆ ಅನುಮಾನ. ಅಲ್ಲಿನವರೆಲ್ಲ ಪ್ರಭಾದರ್ಶನವನ್ನು ನಂಬಿದವರು. ಬಿಸಿಲಿನೊಳಗೆ ಎಲ್ಲ ಬಣ್ಣಗಳೂ ಇವೆ ಎಂದು ಆ ದರ್ಶನ ಹೇಳುತ್ತದೆ. ಬಿಳಿಯದು ಬಂದ ಬೆಳಕನ್ನೆಲ್ಲ ಮರಳಿ ಕೊಡುತ್ತದೆ, ಹಾಗಾಗಿ ಅದು ಶುಭ. ಕಪ್ಪು ಏನನ್ನೂ ಮರಳಿ ಕೊಡುವುದಿಲ್ಲ, ಹಾಗಾಗಿ ಅದು ಶಾಪ. ರಾಜಸಭೆಗೆ ಬಿಳಿ ಬಟ್ಟೆಯಲ್ಲದೆ ಬೇರೆ ಉಟ್ಟು ಹೋಗುವಂತಿರಲಿಲ್ಲ.

ಆ ವರ್ಷ ರಾಜನಿಗೆ ಐವತ್ತು ತುಂಬಿತ್ತು. ಅದಕ್ಕೆಂದೇ ಬೆಳಕಿನ ಹಬ್ಬಕ್ಕೆ ಎಂದಿನ ಬಿಳಿಯ ಬದಲು ಹಸಿರು ಬಾವುಟ ಮಾಡಿಕೊಡಲು ಬಣ್ಣಗಾರ ಮುದ್ದಯ್ಯನಿಗೆ ಅಪ್ಪಣೆಯಾಯಿತು. ಹಬ್ಬದ ಬಾವುಟವನ್ನು ಗಂಟು ಕಟ್ಟಿ ತಂದು, ಸಭೆಯಲ್ಲಿ ರಾಜನ ಎದುರಿಗೇ ಬಿಚ್ಚುವುದು ಪದ್ಧತಿ. ಮುದ್ದಯ್ಯ ಬಿಚ್ಚಿದ. ಬಾವುಟ ಕಪ್ಪಗಿತ್ತು. “ಹೊರಗೆ ತಗೊಂಡು ಹೋಗಿ ನೋಡಿ ಬುದ್ಧಿ” ಎಂದು ಅವನು ಗೋಗರೆದ. ಓಡಿಹೋಗಲು ಹೂಡಿದ ಉಪಾಯವಿದು ಎಂದು ರಾಜ ಅವನನ್ನು ಸೆರೆಗೆ ತಳ್ಳಿಸಿದ. ಹಬ್ಬದ ಮಾರನೆಯ ದಿನ ಅವನ ತಲೆ ತೆಗೆಯುವುದೆಂದಾಯಿತು. ಆದರೂ ರಾಜನಿಗೆ ಸಮಾಧಾನವಿಲ್ಲ. ಬಡ ಬಣ್ಣಗಾರನೊಬ್ಬನೇ ಇಷ್ಟು ಧೈರ್ಯ ಮಾಡಿರಲಾರ, ಹಿಂದೆ ಯಾರೋ ಇದ್ದಾರೆ. ಅವರನ್ನು ಹಿಡಿದುಕೊಡುವ ಬುದ್ಧಿವಂತ ಬೇಕಾಗಿಯೇ ಡಂಗುರ ಸಾರಿಸಿದ್ದ.

ಮೊದಲು ಬಂದವನು ಪ್ರಭಾದರ್ಶನದ ದೊಡ್ಡ ಪಂಡಿತ ಸೋಮದತ್ತ.

“ಮೂವರು ಕೂಡಿದರೆ ಹುಟ್ಟುತ್ತದೆ, ಅವರಲ್ಲಿ ಒಬ್ಬರು ಎದ್ದು ಹೋದರೂ ಇಲ್ಲವಾಗುತ್ತದೆ. ಏನದು?” ಎಂದ ರಾಜ.

ಪಂಡಿತನಿಗೆ ಉತ್ತರ ನಾಲಿಗೆಯ ತುದಿಯಲ್ಲೇ ಇತ್ತು. ಇಷ್ಟು ಸುಲಭದ್ದನ್ನು ರಾಜ ಕೇಳಲಾರ, ಒಳಗೇನೋ ಮರ್ಮವಿದೆ ಎಂದು ಅನುಮಾನಿಸಿ ಬೇರೆಯದನ್ನೇ ಹೇಳಿದ. “ದೀಪ, ಪ್ರಭು. ಹಣತೆ, ಎಣ್ಣೆ, ಬತ್ತಿ.”

“ಪಂಜಿಗೆ ಹಣತೆ ಎಲ್ಲಿದೆ?” ಎಂದು ಕೇಳಿ ರಾಜ, ಮುದ್ದಯ್ಯನ ಜೊತೆಗೇ ತಲೆ ಹೋಗಲೆಂದು ಅವನನ್ನು ಸೆರೆಮನೆಗೆ ಕಳಿಸಿದ.

ಎರಡನೆಯವನು ದಂಡನಾಯಕನ ಮಗ ಬಲ್ಲರಸ. “ನ್ಯಾಯ, ಪ್ರಭು. ದೂರು ಕೊಟ್ಟವನು, ದೂರು ಹೊತ್ತವನು, ತೀರ್ಪು ಕೊಡುವವರು ಮೂವರೂ ಬೇಕು.”

“ನಾನೊಬ್ಬನೇ ಕೂತು ಎಷ್ಟೋ ನ್ಯಾಯ ತೀರಿಸಿದ್ದೇನೆ” ಎಂದ ರಾಜ. ಯಾರೂ ನಗಲಿಲ್ಲ. ಬಲ್ಲರಸನೂ ಪಂಡಿತನ ಹಿಂದೆ ಹೋದ.

ಮೂರನೆಯವಳಾಗಿ ಬಂದದ್ದು ಮುದ್ದಯ್ಯನ ಮಗಳು ಸಿರಿಯವ್ವ. ಉಟ್ಟ ಬಿಳಿ ಸೀರೆ ಪಕ್ಕದ ಮನೆಯವರದು. ಕಾವಲಿನ ಹೆಂಗಸರು ಅವಳ ತುರುಬು ಬಿಚ್ಚಿ ವಿಷ ಹುಡುಕಿದರು. ಸಭೆಗೆ ಕಿಟಕಿಗಳಿರಲಿಲ್ಲ, ಮಾಡಿನಲ್ಲಿ ಒಂದೇ ಒಂದು ಬೆಳಕಿಂಡಿ, ಅದಕ್ಕೊಂದು ದಪ್ಪ ಕೆಂಪು ರೇಷ್ಮೆಯ ಪರದೆ. ಆ ಬೆಳಕಿನಲ್ಲಿ ಎಲ್ಲರ ಮುಖವೂ ಕೆಂಪಾಗಿ, ಒಂದೇ ಥರ ಕಾಣುತ್ತಿತ್ತು.

“ನಿನ್ನನ್ನು ಯಾರು ಕಳಿಸಿದರು?”

“ಯಾರೂ ಇಲ್ಲ ಬುದ್ಧಿ. ನಮ್ಮಪ್ಪ ಬೇಕು, ಅದಕ್ಕೆ ಬಂದೆ.”

ರಾಜ ಅದೇ ಒಗಟನ್ನು ಕೇಳಿದ.

“ಬಣ್ಣ, ಬುದ್ಧಿ. ಬೆಳಕು ಬೇಕು, ವಸ್ತು ಬೇಕು, ನೋಡೋ ಕಣ್ಣು ಬೇಕು. ಕತ್ತಲೇಲಿ ನಮ್ಮ ಹಂಡೆಯ ನೀಲಿಗೂ ನೀರಿಗೂ ವ್ಯತ್ಯಾಸ ಗೊತ್ತಾಗಲ್ಲ.”

ಉತ್ತರ ಸರಿಯಿತ್ತು. ರಾಜ ಮಂತ್ರಿಯ ಕಡೆ ತಿರುಗಿ, “ಇವಳಿಗೆ ಹೇಳಿಕೊಟ್ಟಿದ್ದು ನೀವೇನು?” ಎಂದ. ಮಂತ್ರಿ ಬೆವರು ಒರೆಸಿಕೊಂಡ.

“ಎರಡನೆಯದು ಕೇಳು. ಒಂದು ಮನೆಯವರು ಬಂದ ನೆಂಟರನ್ನೆಲ್ಲ ಒಳಗೆ ಕರೆದುಕೊಂಡರು, ಒಬ್ಬನನ್ನು ಮಾತ್ರ ಬಾಗಿಲಿಂದಲೇ ವಾಪಸು ಕಳಿಸಿದರು. ಊರವರು ಆ ಮನೆಯನ್ನು ಅವನ ಹೆಸರಿನಿಂದಲೇ ಕರೆದರು. ಯಾವುದು ಆ ಮನೆ?”

ಸಿರಿಯವ್ವ ತನ್ನ ಬಣ್ಣ ಹಿಡಿದ ಉಗುರುಗಳನ್ನು ನೋಡಿಕೊಂಡಳು.

“ಬಣ್ಣದ ಬಟ್ಟೆ, ಬುದ್ಧಿ. ಬಿಸಿಲು ಎಲ್ಲ ಬಣ್ಣಗಳನ್ನೂ ಹೊತ್ಕೊಂಡು ಬರ್ತದೆ. ಕೆಂಪು ಬಟ್ಟೆ ಮಿಕ್ಕಿದ್ದನ್ನೆಲ್ಲ ಒಳಗಿಟ್ಕೊಂಡು ಕೆಂಪನ್ನ ಮಾತ್ರ ಹೊರಗೆ ಕಳಿಸ್ತದೆ. ನಾವು ಅದನ್ನೇ ಕೆಂಪು ಬಟ್ಟೆ ಅಂತೀವಿ.”

ಹೇಳುತ್ತ ಹೇಳುತ್ತ ಅವಳು ತಲೆಯೆತ್ತಿ ಬೆಳಕಿಂಡಿಯನ್ನು ನೋಡಿದಳು.

ರಾಜ ಮುಂದಕ್ಕೆ ಬಾಗಿದ. “ಮೂರನೆಯದು. ಈ ಸಭೆಯಲ್ಲಿ ಒಬ್ಬ ಸುಳ್ಳುಗಾರನಿದ್ದಾನೆ. ದಿನವೂ ಇಲ್ಲೇ ಇದ್ದುಕೊಂಡು ನನ್ನ ಕಣ್ಣಿಗೆ ಮಣ್ಣೆರಚುತ್ತಾನೆ. ಯಾರವನು?”

ಸಭೆಯವರು ಪಕ್ಕದವರಿಂದ ಒಂದೊಂದು ಹೆಜ್ಜೆ ದೂರ ಸರಿದರು. ಇದಕ್ಕೆ ಉತ್ತರ ರಾಜನಿಗೂ ತಿಳಿಯದೆಂದು ಸಿರಿಯವ್ವನಿಗೆ ಗೊತ್ತಾಯಿತು. ಅವಳು ಯಾರ ಹೆಸರು ಹೇಳಿದ್ದರೂ ಅವನು ನಂಬುತ್ತಿದ್ದ. ಅಪ್ಪ ಮನೆಗೆ ಬರುತ್ತಿದ್ದ, ಇನ್ನೊಬ್ಬಳ ಅಪ್ಪ ಸೆರೆಗೆ ಹೋಗುತ್ತಿದ್ದ. ಮಂತ್ರಿ ಕೈಮುಗಿದು ಅವಳನ್ನೇ ನೋಡುತ್ತಿದ್ದ.

“ಬಿಸಿಲಿಗೆ ಹಿಡಿಯೋ ತನಕ ಬಟ್ಟೆಯ ಬಣ್ಣ ಹೇಳಬಾರದು ಅಂತ ನಮ್ಮ ಕಸುಬಿನಲ್ಲಿ ಒಂದು ಕಟ್ಟುಪಾಡಿದೆ ಬುದ್ಧಿ. ಅಪ್ಪನ ಬಾವುಟ ತರಿಸಿ. ಆ ಪರದೆ ತೆಗೆಸಿ.”

“ಮೇಲೆ ಬಿಲ್ಲುಗಾರರನ್ನು ಕೂರಿಸಿದ್ದೀಯಾ?”

“ನನ್ನ ಕತ್ತು ನಿಮ್ಮ ಕೈಯಲ್ಲೇ ಇದೆಯಲ್ಲ ಬುದ್ಧಿ.”

ಬಾವುಟ ತಂದು ಹರಡಿದರು. ಅದು ಕಪ್ಪಗೇ ಇತ್ತು. ಕಾವಲಿನವನು ಹಗ್ಗ ಎಳೆದ, ಪರದೆ ಸರಿಯಿತು, ಮಧ್ಯಾಹ್ನದ ಬಿಸಿಲು ನೆಲಕ್ಕೆ ಬಿತ್ತು. ಬಾವುಟ ಭತ್ತದ ಸಸಿಯ ಹಾಗೆ ಹಸಿರಾಗಿತ್ತು.

“ಒಳಗೆ ಬರೋದು ಕೆಂಪು ಬೆಳಕು ಒಂದೇ ಆದರೆ ಹಸಿರು ಬಟ್ಟೆ ವಾಪಸು ಕೊಡೋದಾದರೂ ಏನು? ಬಂದದ್ದನ್ನ ನುಂಗಿ ಕಪ್ಪಗೆ ಕೂರ್ತದೆ. ಸುಳ್ಳುಗಾರ ಆ ಪರದೆ, ಬುದ್ಧಿ.”

“ಅದನ್ನು ಕಟ್ಟಿಸಿದವನು ಯಾರು?” ರಾಜ ಅಭ್ಯಾಸಬಲದಿಂದ ಗದರಿದ.

ಕೇಳಿದ ಮೇಲೆ ರಾಜನಿಗೇ ನೆನಪಾಯಿತು. ಹನ್ನೆರಡು ವರ್ಷದ ಹಿಂದೆ ಪಟ್ಟಕ್ಕೆ ಬಂದಾಗ, ಹೆದರಿ ಬಿಳಿಚಿಕೊಂಡ ತನ್ನ ಮುಖ ಯಾರಿಗೂ ಕಾಣಬಾರದೆಂದು ತಾನೇ ಕಟ್ಟಿಸಿದ್ದ. ಈಗ ಬಿಸಿಲಿನಲ್ಲಿ ಸಭೆಯವರ ಮುಖಗಳನ್ನು ನೋಡಿದ. ಅಷ್ಟು ವರ್ಷ ಪಿತೂರಿ ಹುಡುಕಿದ್ದ ಆ ಮುಖಗಳೂ ಅಂದಿನ ಅವನ ಮುಖದಷ್ಟೇ ಬಿಳಿಚಿಕೊಂಡಿದ್ದವು. ಅವನಿಗೆ ನಾಚಿಕೆಯಾಯಿತು, ತಲೆ ತಗ್ಗಿಸಿದ.

ಮುದ್ದಯ್ಯನ ಬೇಡಿ ಕಳಚಿದರು. ಸಿರಿಯವ್ವ ಕೇಳಿದ್ದಕ್ಕೆ ಪಂಡಿತನನ್ನೂ ಬಲ್ಲರಸನನ್ನೂ ಬಿಟ್ಟರು. ಇನ್ನೇನು ಬೇಕೆಂದು ರಾಜ ಕೇಳಿದಾಗ ಅವಳು ಆ ಕೆಂಪು ಪರದೆಯನ್ನೇ ಕೇಳಿ ಪಡೆದಳು. ರಾಜ ಅದು ಯಾತಕ್ಕೆಂದು ಕೇಳಲು ಬಾಯಿ ತೆರೆದವನು, ತಡೆದು ಸುಮ್ಮನಾದ. ಅವನ ಮಟ್ಟಿಗೆ ಅದು ದೊಡ್ಡ ಮಾತೇ. ಮುಂದೆ ಕಿರಣಾವತಿಯಲ್ಲಿ ತೀರ್ಪು ಕೊಡುವುದೆಲ್ಲ ಅಂಗಳದಲ್ಲಿ, ಬಿಸಿಲಿರುವಾಗಲೇ ನಡೆಯಿತು.

ಮುದ್ದಯ್ಯ ಹೊರಗೆ ಬಂದವನು ಮಗಳ ತಲೆ ಸವರಿದ. ಆಮೇಲೆ ಬಾವುಟವನ್ನು ಬಿಸಿಲಿಗೆ ಹಿಡಿದು, ಕಣ್ಣು ಕಿರಿದು ಮಾಡಿ ನೋಡಿದ.

“ನೀಲಿ ಹೆಚ್ಚಾಗಿದೆ, ಅರಿಶಿನದಲ್ಲಿ ಇನ್ನೊಂದು ಸಲ ಅದ್ದಬೇಕಿತ್ತು ಕಣವ್ವ” ಎಂದ.