ಸಿದ್ದಾಚಾರಿಯ ಪಾರ್ಸೆಲ್ಲು

ಕಮ್ಮಾರ ಸಿದ್ದಾಚಾರಿಯ ಚಾಕು ಬೇಕೆಂದು ದೂರದೂರುಗಳಿಂದ ಕಾಗದಗಳು ಬರುತ್ತಿದ್ದವು. ಕಬ್ಬಿಣದಂಗಡಿ ಶ್ರೀಕಂಠಶೆಟ್ಟರ ಚಾಕುಗಳನ್ನು ಪಕ್ಕದ ಮನೆಯವರೂ ಕೇಳುತ್ತಿರಲಿಲ್ಲ. ಆಚಾರಿ ಮನೆ ಕಡೆ ಪೋಸ್ಟ್‌ಮ್ಯಾನ್ ತಿರುಗಿದರೆ ಸಾಕು, ಶೆಟ್ಟರಿಗೆ ಅವತ್ತು ಊಟ ಸೇರುತ್ತಿರಲಿಲ್ಲ.

ಒಂದು ದಿನ ಹೊಟ್ಟೆಕಿಚ್ಚು ತಡೆಯಲಾರದೆ ಚಾಕುವಿನ ಪಾರ್ಸೆಲ್ ಹಿಡಿದು ಹೊರಟ ಆಚಾರಿಯ ಹಿಂದೆಯೇ ಶೆಟ್ಟರು ಅಂಚೆ ಕಚೇರಿಗೆ ಬಂದರು.

“ಅಲಗು ಹೊರಗೆ ಬರೋ ಹಾಗಿದ್ರೆ ಪಾರ್ಸೆಲ್ ತಗೋಬಾರದು ಅಂತ ಕಾನೂನಿದೆ, ಸ್ವಾಮಿ. ಯಾರದಾದ್ರೂ ಕೈ ಕುಯ್ದರೆ?”

ಪೋಸ್ಟ್ ಮಾಸ್ಟರು ಹೌದೆಂದು ತಲೆಯಾಡಿಸಿದರು.

ಆಚಾರಿ ಪಾರ್ಸೆಲ್ಲನ್ನು ಶೆಟ್ಟರ ಮುಂದಿಟ್ಟ. “ಹೊರಗೆ ಬರುತ್ತಾ, ನೀವೇ ನೋಡಿ ಶೆಟ್ರೇ.”

ದಪ್ಪ ಬಟ್ಟೆಗೆ ಆಚಾರಿಯ ಹೆಂಡತಿ ಒತ್ತಾಗಿ ಹೊಲಿಗೆ ಹಾಕಿದ್ದಳು. ಶೆಟ್ಟರು ಎಳೆದರು, ಉಗುರಲ್ಲಿ ಕೆದಕಿದರು, ಹಲ್ಲಲ್ಲಿ ಕಚ್ಚಿದರು. ಒಂದು ಹೊಲಿಗೆಯೂ ಬಿಡಲಿಲ್ಲ.

“ಒಂದು ಚಾಕು ಇದ್ರೆ ಕೊಡಿ,” ಅಂದರು ಬೆವರೊರೆಸುತ್ತಾ.

ಪೋಸ್ಟ್ ಮಾಸ್ಟರು ಪಾರ್ಸೆಲ್ ಎಳೆದುಕೊಂಡು ಮುದ್ರೆ ಒತ್ತಿದರು.

“ಚಾಕು ಅದರೊಳಗೇ ಇತ್ತು, ಶೆಟ್ರೇ,” ಅಂದ ಆಚಾರಿ.