ಝೇಂಕಪ್ಪನ ಸಪ್ತಾಹವೂ ಹಳ್ಳದಾಚೆಯ ಮಕ್ಕಳೂ

ಈ ಕತೆಯನ್ನು ನನಗೆ ಮೊದಲು ಹೇಳಿದವರು ನಮ್ಮ ಓಣಿಯಲ್ಲಿ ಉಣ್ಣೆ ನೂಲುತ್ತಿದ್ದ ಹಾಲಮ್ಮಜ್ಜಿ. ಸಂಜೆ ದೇವರ ಮುಂದೆ ದೀಪ ಹಚ್ಚಿ, ನಮ್ಮೆಲ್ಲರ ಹಣೆಗೆ ವಿಭೂತಿ ಇಟ್ಟು, ಆಮೇಲೆಯೇ ಅವರು ಕತೆಗೆ ಬಾಯಿ ತೆರೆಯುತ್ತಿದ್ದರು. "ಮುಂದೇನಾಯ್ತು, ಮುಂದೇನಾಯ್ತು" ಎಂದು ಯಾರಾದರೂ ಅವಸರ ಮಾಡಿದರೆ ಅಲ್ಲಿಗೇ ನಿಲ್ಲಿಸಿಬಿಡುತ್ತಿದ್ದರು. ಮಕ್ಕಳೇ, ನೀವೂ ಅವಸರ ಮಾಡದೆ ಕೇಳಿ.

ಒಂದು ಕೆರೆ. ಕೆರೆಯ ಏರಿಯ ಕೆಳಗೆ ವಿಶಾಲವಾದ ಹುಲ್ಲುಗಾವಲು. ಹುಲ್ಲುಗಾವಲಿನ ಅಂಚಿಗೆ ಒಂದು ಸಣ್ಣ ಹಳ್ಳ. ಆ ಹುಲ್ಲಿನ ಬುಡದಲ್ಲಿ, ಮಣ್ಣಿನ ಬಿರುಕುಗಳಲ್ಲಿ ಜೀರುಂಡೆಗಳು ಮನೆ ಮಾಡಿಕೊಂಡಿದ್ದವು. ಒಂದೆರಡಲ್ಲ, ಹಾಡುವ ಗಂಡುಗಳೇ ಇನ್ನೂರಕ್ಕೆ ಮೇಲಿದ್ದವು.

ಜೀರುಂಡೆ ಹಾಡುವುದು ಗಂಟಲಿನಿಂದಲ್ಲ, ರೆಕ್ಕೆಯಿಂದ. ಒಂದು ರೆಕ್ಕೆಯಲ್ಲಿ ಗರಗಸದ ಹಲ್ಲಿನಂಥ ಸಣ್ಣ ಗೀರುಗಳಿರುತ್ತವೆ. ಅದಕ್ಕೆ ಇನ್ನೊಂದು ರೆಕ್ಕೆಯನ್ನು ಉಜ್ಜಿದರೆ ಸ್ವರ ಹೊರಡುತ್ತದೆ. ಹಾಡುವುದು ಗಂಡುಗಳು ಮಾತ್ರ. ಹೆಣ್ಣುಗಳು ಕೂತು ಕೇಳುತ್ತವೆ, ಯಾವ ಹಾಡು ಮನಸ್ಸಿಗೆ ಹಿಡಿಸಿತೋ ಆ ಹಾಡಿನ ಮನೆಯ ಕಡೆ ನಡೆಯುತ್ತವೆ. ಅವರಲ್ಲಿ ಮದುವೆ ಎಂದರೆ ಇಷ್ಟೇ.

ಆ ಹುಲ್ಲುಗಾವಲಿಗೆ ಯಜಮಾನ ಝೇಂಕಪ್ಪ. ಮೈ ಕಪ್ಪು, ಮೀಸೆ ಉದ್ದ, ನಡಿಗೆ ಗಂಭೀರ. "ನಮ್ಮ ಹಾಡು ಏಳು ಕೆರೆಗೆ ಕೇಳಿಸುತ್ತದೆ" ಎಂದು ಅವನು ಹೇಳಿದರೆ ಅದು ಬರಿಯ ಬಡಾಯಿಯಾಗಿರಲಿಲ್ಲ. ಮುಸ್ಸಂಜೆ ಹೊತ್ತು ಇನ್ನೂರು ಜೋಡಿ ರೆಕ್ಕೆಗಳು ಒಂದೇ ತಾಳಕ್ಕೆ ಎದ್ದರೆ ಏರಿಯ ಮೇಲೆ ಹೋಗುವ ದನಗಳು ಕೂಡ ಒಂದು ಗಳಿಗೆ ನಿಂತು ಕಿವಿ ನಿಮಿರಿಸುತ್ತಿದ್ದವು.

ಆ ಹೆಮ್ಮೆಗೆ ತಕ್ಕ ಹಾಗೆ ಅವರಲ್ಲಿ ಒಂದು ಕಟ್ಟಳೆ ಇತ್ತು. ಪೊರೆ ಬಿಟ್ಟು ಹೊಸ ರೆಕ್ಕೆ ಬಂದ ಪ್ರತಿಯೊಬ್ಬ ಗಂಡುಮಗನೂ ಹುಲ್ಲುಗಾವಲಿನ ನಡುವಿನ ಬೆಣಚುಕಲ್ಲಿನ ಮೇಲೆ ನಿಂತು ಎಲ್ಲರ ಮುಂದೆ ಸ್ವರ ಒಪ್ಪಿಸಬೇಕು. ಸ್ವರ ಬಂತೋ, ಅವನು ಕುಲದವನು. ಬರಲಿಲ್ಲವೋ, ಹಳ್ಳದಾಚೆಗೆ. ಪ್ರತಿ ವರ್ಷವೂ ನೂರಕ್ಕೆ ಆರೇಳು ಮಕ್ಕಳು ಹಾಗೆ ಹುಟ್ಟುತ್ತಿದ್ದರು. ರೆಕ್ಕೆ ನುಣ್ಣಗೆ, ಗೀರೇ ಇಲ್ಲ. ಎಷ್ಟು ಉಜ್ಜಿದರೂ ಸದ್ದಿಲ್ಲ.

ಝೇಂಕಪ್ಪನಿಗೆ ಇದ್ದ ಕೊರಗು ಅದೊಂದೇ.

"ಅಲ್ಲ ತಾಳಯ್ಯ, ನನ್ನ ತಾತನ ಕಾಲದಿಂದ ಕಳೆ ಕಿತ್ತ ಹಾಗೆ ಕೀಳ್ತಾ ಇದ್ದೇವೆ. ಒಬ್ಬನನ್ನೂ ಬಿಟ್ಟಿಲ್ಲ. ಆದರೂ ಮುಂದಿನ ವರ್ಷ ಮತ್ತೆ ಅಷ್ಟೇ ಹುಟ್ತಾವಲ್ಲ! ಎಲ್ಲಿಂದ ಬರ್ತಾವೆ ಇವು?"

ತಾಳಯ್ಯ ಮೇಳಕ್ಕೆ ತಾಳ ಹಾಕುವವನು, ಯಜಮಾನನ ಮಾತಿಗೂ ತಾಳ ಹಾಕುವವನು. "ಹಳ್ಳದ ನೀರಿನ ದೋಷ, ಯಜಮಾನರೇ. ಬಸುರಿ ಹೆಂಗಸರು ಆ ನೀರು ಕುಡಿಯಬಾರದು ಅಂತ ಡಂಗುರ ಸಾರಿಸಿಬಿಡಿ."

ಝೇಂಕಪ್ಪನ ಹೆಂಡತಿ ಗರಿಕವ್ವ ಪಕ್ಕದಲ್ಲೇ ಇದ್ದಳು. ಕಿಸಕ್ಕನೆ ನಕ್ಕಳು.

"ಯಾಕೆ ನಗು?"

"ಏನಿಲ್ಲ ಬಿಡಿ. ನೀರಿನ ದೋಷ ಎಷ್ಟು ಜಾಣತನದ್ದು, ಗಂಡುಗಳನ್ನೇ ಹುಡುಕಿ ಹಿಡಿಯುತ್ತಲ್ಲ ಅಂತ ನಗು ಬಂತು."

ಆ ವರ್ಷದ ಸರದಿಯಲ್ಲಿ ಝೇಂಕಪ್ಪನ ಮೂವರು ಮಕ್ಕಳಿದ್ದರು. ಹಿರಿಯರಿಬ್ಬರು ಸ್ವರ ಒಪ್ಪಿಸಿದರು. ಅಪ್ಪನ ಮೀಸೆ ಕುಣಿಯಿತು. ಕಿರಿಯವನು ತುಂಬೆ. ಕಲ್ಲೇರಿದ, ರೆಕ್ಕೆ ಎತ್ತಿದ, ಉಜ್ಜಿದ. ಮತ್ತೆ ಉಜ್ಜಿದ.

"ಜೋರಾಗಿ ಉಜ್ಜೋ! ರೆಕ್ಕೆಗೆ ಬೆಣ್ಣೆ ಸವರಿಕೊಂಡು ಬಂದಿದ್ದೀಯೇನೋ?" ಎಂದು ಯಾರೋ ಕೂಗಿದರು. ಹುಲ್ಲುಗಾವಲೆಲ್ಲ ನಕ್ಕಿತು.

ಝೇಂಕಪ್ಪ ನಗಲಿಲ್ಲ. ಬಹಳ ಹೊತ್ತು ಕಾದ. ಕೊನೆಗೆ ಹಳ್ಳದ ಕಡೆ ಮೀಸೆ ತೋರಿಸಿದ. "ಯಜಮಾನನ ಮಗ ಅಂತ ಕಟ್ಟಳೆ ಸಡಿಲ ಮಾಡಿದರೆ ನಾಳೆ ನನ್ನ ಮಾತು ಯಾರು ಕೇಳ್ತಾರೆ?"

"ಅವನು ನನ್ನ ಹೊಟ್ಟೆಯಲ್ಲಿ ಹುಟ್ಟಿದವನು ರೀ" ಎಂದಳು ಗರಿಕವ್ವ.

ತುಂಬೆ ಕಲ್ಲಿನಿಂದ ಇಳಿದು ಅಪ್ಪನ ಮುಂದೆ ನಿಂತ. "ಬೇಜಾರು ಮಾಡ್ಕೋಬೇಡ ಅಪ್ಪಾ. ಸ್ವರ ಇಲ್ಲದಿದ್ದರೇನು, ಕಿವಿ ಇದೆಯಲ್ಲ. ಆಚೆಯಿಂದಲೇ ನಿನ್ನ ಹಾಡು ಕೇಳ್ತೀನಿ."

ಹಾಗೆ ಹೇಳಿ ಹೋದ.

ಅವನು ಹೋದ ನಾಲ್ಕನೆಯ ದಿನ ಪಡುವಣ ಗಾಳಿಯಲ್ಲಿ ಒಂದು ಹೊಸ ನೊಣ ಬಂತು. ಜೇನಿನ ಬಣ್ಣ, ಚಿಕ್ಕ ಮೈ, ಬಲು ಚುರುಕು ಕಿವಿ. ಅದು ಹಾಡುವ ಜೀರುಂಡೆಯನ್ನು ಹುಡುಕಿ ಬಂದು ಬೆನ್ನ ಮೇಲೆ ತನ್ನ ಮರಿಹುಳುಗಳನ್ನು ಬಿಟ್ಟು ಹಾರಿಹೋಗುತ್ತಿತ್ತು. ಆ ಹುಳುಗಳು ಮೈಯೊಳಗೆ ಸೇರುತ್ತಿದ್ದವು. ಏಳನೆಯ ದಿನಕ್ಕೆ ಹಾಡುಗಾರ ಸಾಯುತ್ತಿದ್ದ. ಒಂದರ ಹಿಂದೆ ಹತ್ತು ನೊಣ ಬಂದವು. ಯಾರ ಸ್ವರ ದೊಡ್ಡದೋ ಅವರೇ ಮೊದಲು ಹೋದರು.

ಝೇಂಕಪ್ಪ ಸಭೆ ಕರೆದ. ಬಹಳ ಯೋಚಿಸಿ ಹೇಳಿದ: "ದೇವರಿಗೆ ನಮ್ಮ ಹಾಡು ಸಾಲದಾಗಿದೆ. ನಾವು ಸೋಮಾರಿಗಳಾಗಿದ್ದೇವೆ. ಇವತ್ತಿನಿಂದ ಸಪ್ತಾಹ ಇಡೋಣ. ಏಳು ಹಗಲು, ಏಳು ರಾತ್ರಿ, ಎಡೆಬಿಡದೆ ಹಾಡಬೇಕು. ಒಂದು ರೆಕ್ಕೆಯೂ ನಿಲ್ಲಬಾರದು!"

"ಭಲೇ ಯಜಮಾನರೇ!" ಎಂದ ತಾಳಯ್ಯ.

ಭಕ್ತಿಗೆ ಕೊರತೆ ಇರಲಿಲ್ಲ, ಮಕ್ಕಳೇ. ಅಂಥ ಹಾಡನ್ನು ಆ ಕೆರೆ ಹಿಂದೆ ಕೇಳಿರಲಿಲ್ಲ. ಯಜಮಾನನಾದ್ದರಿಂದ ಝೇಂಕಪ್ಪ ತಾನು ಹಾಡದೆ ಸಾಲು ಸಾಲಿಗೆ ತಿರುಗಿ, ಯಾರ ಸ್ವರ ಇಳಿಯಿತು ಎಂದು ಕಿವಿಗೊಟ್ಟು ನೋಡಿ, "ಏರಿಸು, ಏರಿಸು" ಎನ್ನುತ್ತಿದ್ದ. ಇವರು ಏರಿಸಿದಷ್ಟೂ ಸುತ್ತಲಿನ ಬಯಲುಗಳ ನೊಣಗಳೆಲ್ಲ ಇತ್ತ ತಿರುಗಿದವು. ಸಪ್ತಾಹ ಮುಗಿದ ಮೇಲೆ ಒಬ್ಬೊಬ್ಬರಾಗಿ ಮಲಗತೊಡಗಿದರು. ತಾಳಯ್ಯ ಹೋದ. ಝೇಂಕಪ್ಪನ ಹಿರಿಯ ಮಕ್ಕಳಿಬ್ಬರೂ ಒಂದೇ ದಿನ ಹೋದರು. ಇನ್ನೂರು ಹಾಡುಗಾರರಲ್ಲಿ ಉಳಿದವರು ಹನ್ನೊಂದು ಜನ.

ಒಂದು ಮಧ್ಯಾಹ್ನ ಹುಲ್ಲಿನ ಎಸಳ ಮೇಲೆ ಒಂದು ನೊಣ ದಣಿವಾರಿಸಿಕೊಳ್ಳುತ್ತಿತ್ತು. ಝೇಂಕಪ್ಪ ಕೆಳಗಿನಿಂದ ಕೇಳಿದ:

"ತಾಯೀ, ನಮ್ಮ ಮೇಲೆ ಯಾಕೆ ಇಷ್ಟು ಹಗೆ?"

ನೊಣ ಬೆಚ್ಚಿತು. "ಯಾರದು? ಅಲ್ಲೇ ಇದ್ದೀಯಾ? ಕಾಣಲೇ ಇಲ್ಲ ನೋಡು. ಹಗೆ ಎಂಥದು ಯಜಮಾನ? ನನಗೂ ಮಕ್ಕಳಿದ್ದಾವೆ. ಈ ಹುಲ್ಲಿನಲ್ಲಿ ನಿಮ್ಮನ್ನು ಹುಡುಕೋದು ನನ್ನಿಂದಾಗದ ಕೆಲಸ. ನೀವೇ ಏಳು ದಿನ ಕರೆದಿರಿ, ಹಾಡು ಹಿಡಿದು ಬಂದೆ. ಸುಮ್ಮನಿರುವವನ ಮನೆ ನನಗೆ ಗೊತ್ತೇ ಆಗೋದಿಲ್ಲ."

ನೊಣ ಹಾರಿಹೋಯಿತು. ಮಕ್ಕಳನ್ನು ಕೈಯಾರೆ ಸಾವಿಗೆ ಒಪ್ಪಿಸಿದವನು ತಾನೇ ಎಂದು ಝೇಂಕಪ್ಪನಿಗೆ ಆಗ ತಿಳಿಯಿತು.

ಉಳಿದ ಹನ್ನೊಂದು ಜನರೂ ಹೆದರಿ ರೆಕ್ಕೆ ಮಡಿಸಿ ಬಿಲ ಸೇರಿದರು. ಈಗ ಇನ್ನೊಂದು ಕಷ್ಟ. ಹಾಡು ಇಲ್ಲ, ಹಾಡಿಲ್ಲದೆ ಹೆಣ್ಣುಗಳಿಗೆ ಯಾವ ಮನೆಯೂ ಗೊತ್ತಿಲ್ಲ. ಮಳೆಗಾಲ ಮುಗಿಯುತ್ತ ಬಂದಿತ್ತು. ನೆಲ ಗಟ್ಟಿಯಾಗುವ ಮೊದಲು ಮೊಟ್ಟೆ ಮಣ್ಣು ಸೇರಬೇಕು. ಇಲ್ಲದಿದ್ದರೆ ಮುಂದಿನ ವರ್ಷ ಆ ಹುಲ್ಲುಗಾವಲಿನಲ್ಲಿ ಜೀರುಂಡೆ ಎಂಬ ಹೆಸರೇ ಇರುವುದಿಲ್ಲ.

"ಹಾಡಿದರೆ ಸಾವು, ಹಾಡದಿದ್ದರೆ ಸಂತಾನವಿಲ್ಲ" ಎಂದು ಝೇಂಕಪ್ಪ ತಲೆ ತಗ್ಗಿಸಿ ಕೂತ. "ನಮ್ಮ ಕುಲ ನನ್ನ ಕಾಲಕ್ಕೆ ಮುಗಿಯಿತಲ್ಲೇ, ಗರಿಕವ್ವ."

"ಮುಗಿದಿಲ್ಲ. ಹಳ್ಳದಾಚೆ ಇಪ್ಪತ್ತಾರು ಜನ ಇದ್ದಾರೆ. ನಾನು ಹೋಗಿ ಬರ್ತಾ ಇರ್ತೀನಿ. ಒಬ್ಬರನ್ನೂ ನೊಣ ಮುಟ್ಟಿಲ್ಲ."

"ಅವರು..." ಎಂದು ಝೇಂಕಪ್ಪ ತಡೆದ. "ಅವರು ನಮ್ಮವರೇ?"

ಗರಿಕವ್ವ ಅಷ್ಟು ವರ್ಷ ಒಳಗಿಟ್ಟುಕೊಂಡಿದ್ದ ಮಾತು ಆಗ ಹೊರಬಿತ್ತು. "ಎಲ್ಲಿಂದ ಬರ್ತಾವೆ ಅಂತ ಕೇಳ್ತಿದ್ರಲ್ಲ, ಹೇಳ್ತೀನಿ ಕೇಳಿ. ನನ್ನ ಒಡಹುಟ್ಟಿದ ಅಣ್ಣನೂ ಹಾಡದವನೇ. ನಿಮ್ಮ ಅಪ್ಪ ಅವನನ್ನು ಅಟ್ಟಿದರು, ನನ್ನನ್ನು ಮಾತ್ರ ಸೊಸೆ ಅಂತ ಮನೆತುಂಬಿಸಿಕೊಂಡರು. ಹಾಡದ ಗಂಡುಗಳನ್ನೆಲ್ಲ ಅಟ್ಟಿದಿರಿ. ಹಾಡದ ಹೆಂಗಸರು ನಾವು ಮನೆಯಲ್ಲೇ ಇದ್ದೆವು! ನಮ್ಮನ್ನು ಯಾರು ಕಲ್ಲು ಹತ್ತಿಸಿ ನೋಡಿದರು? ಅಣ್ಣನ ರೆಕ್ಕೆಯಲ್ಲಿ ಕಾಣಿಸಿದ ಗುಣ ನನ್ನಲ್ಲಿ ಕಾಣದೆ ಉಳಿಯಿತು, ನನ್ನಿಂದ ತುಂಬೆಗೆ ಇಳಿಯಿತು. ಅವನ ಅಣ್ಣಂದಿರಿಗೆ ಇಳಿಯಲಿಲ್ಲ. ಮೂವರೂ ಒಂದೇ ಹೊಟ್ಟೆಯವರು. ಇನ್ನು ಅವರು ನಮ್ಮವರೋ ಅಲ್ಲವೋ, ನೀವೇ ಹೇಳಿ."

ಝೇಂಕಪ್ಪ ಎದ್ದ, ಹಳ್ಳದ ಕಡೆ ನಡೆದ. ಯಜಮಾನನಾದ ಮೇಲೆ ಅವನು ಹಳ್ಳ ದಾಟಿದ್ದು ಅದೇ ಮೊದಲು.

ಆಚೆ ದಡದ ಜೀರುಂಡೆಗಳು ಅವನನ್ನು ಕಂಡು ಎದ್ದು ನಿಂತವು. ಒಬ್ಬ ಕುಂಟು ಮುದುಕ ಕೀಟಲೆ ಮಾಡಿದ: "ಸ್ವರ ಕೇಳೋಕೆ ಬಂದ್ರಾ ಯಜಮಾನ್ರೇ? ಕೂತ್ಕೊಳ್ಳಿ, ಬೆಳಗಿನಿಂದ ಸಾಧನೆ ಮಾಡ್ತಾ ಇದ್ದೀವಿ. ಇನ್ನೇನು ಬಂದುಬಿಡುತ್ತೆ!"

ಎಲ್ಲರೂ ನಕ್ಕರು. ಝೇಂಕಪ್ಪ ತನ್ನ ಉದ್ದ ಮೀಸೆಗಳನ್ನು ನೆಲಕ್ಕೆ ಮುಟ್ಟಿಸಿದ. ನಗು ನಿಂತಿತು.

"ತಪ್ಪು ನನ್ನದು. ನಿಮ್ಮನ್ನು ಕರೆದುಕೊಂಡು ಹೋಗೋಕೆ ಬಂದಿದ್ದೀನಿ."

ತುಂಬೆ ಮುಂದೆ ಬಂದ. ಅಪ್ಪನ ಮುಖ ನೋಡಿದ. "ಬರ್ತೀವಿ ಅಪ್ಪಾ. ಆದರೆ ಬಂದು ಏನು ಪ್ರಯೋಜನ? ನಮ್ಮ ಮನೆ ಎಲ್ಲಿದೆ ಅಂತ ಹೆಣ್ಣುಗಳಿಗೆ ಹೇಗೆ ಗೊತ್ತಾಗಬೇಕು? ಇಲ್ಲಿ ಇಷ್ಟು ವರ್ಷ ಯಾರಿಗೂ ಸಂಸಾರ ಆಗಿಲ್ಲ."

"ನಾನು ಹಾಡ್ತೀನಿ. ನೀವು ನನ್ನ ಸುತ್ತ ಹುಲ್ಲಿನಲ್ಲಿ ಕೂತಿರಿ. ಹೆಣ್ಣುಗಳು ಹಾಡು ಹಿಡಿದು ಬರ್ತಾರೆ, ನಿಮ್ಮನ್ನು ನೋಡ್ತಾರೆ."

"ನೊಣವೂ ಹಾಡು ಹಿಡಿದು ಬರುತ್ತಲ್ಲ!"

"ನೊಣಕ್ಕೆ ಒಬ್ಬ ಸಿಕ್ಕರೆ ಸಾಕು. ಕುಲಕ್ಕೆ ಇಪ್ಪತ್ತಾರು ಜನ ಬೇಕು" ಎಂದ ಝೇಂಕಪ್ಪ.

ಹುಲ್ಲುಗಾವಲಿಗೆ ಮರಳಿದಾಗ ಬಿಲದಿಂದ ಒಬ್ಬ ಹಾಡುಗಾರ ತಲೆ ಹೊರಗೆ ಹಾಕಿದ. "ಸ್ವರ ಇಲ್ಲದವರನ್ನು ಕುಲದ ನಡುವೆ ಕೂರಿಸ್ತೀರಾ ಯಜಮಾನರೇ? ಕಟ್ಟಳೆ ಏನಾಯಿತು?"

"ಈ ಹೊತ್ತು ಕುಲ ಅಂದರೆ ಇವರೇ. ನೀನು ಒಳಗೆ ಇರಪ್ಪ, ನಿನ್ನ ಸ್ವರವೂ ಮುಂದೆ ಬೇಕಾಗುತ್ತೆ."

ಅಂದು ಮುಸ್ಸಂಜೆ ಝೇಂಕಪ್ಪ ದೇವರನ್ನು ನೆನೆದು ರೆಕ್ಕೆ ಎತ್ತಿದ. ತನ್ನ ಹೆಸರಿಗಾಗಿ ಹಾಡಿದವನು ಅಂದು ಮಕ್ಕಳಿಗಾಗಿ ಹಾಡಿದ. ಏರಿಯ ಪಕ್ಕದಲ್ಲಿ ತೆವಳುತ್ತಿದ್ದ ಬಸವನಹುಳು ನಿಂತು ಕೇಳಿತು:

"ಏನು ಯಜಮಾನ, ಇನ್ನೂರು ಜನ ಹಾಡ್ತಿದ್ದ ಜಾಗದಲ್ಲಿ ಒಬ್ಬನೇ ಆಗಿಬಿಟ್ಟೆಯಲ್ಲ!"

ಝೇಂಕಪ್ಪ ಎದೆ ನಿಮಿರಿಸಿದ. "ಹಾಡುತ್ತಿರುವವನು ಒಬ್ಬ. ಇಲ್ಲಿ ಇರುವವರು ಇಪ್ಪತ್ತೇಳು ಜನ. ಹತ್ತಿರ ಬಂದು ನೋಡು."

ಮೊದಲ ಸಂಜೆ ಹೆಣ್ಣುಗಳು ದೂರದಲ್ಲೇ ಅಳುಕುತ್ತ ನಿಂತವು. ಎರಡನೆಯ ಸಂಜೆ ಹತ್ತಿರ ಬಂದವು. ಹುಲ್ಲಿನ ಮರೆಯಲ್ಲಿ ಮಾತುಕತೆ ನಡೆಯಿತು, ಜೋಡಿಗಳು ಕೂಡಿದವು. ಅದೇ ಸಂಜೆ ಝೇಂಕಪ್ಪನ ಬೆನ್ನ ಮೇಲೆ ಏನೋ ಹಗುರವಾಗಿ ಕೂತು ಎದ್ದು ಹೋಯಿತು. ಏನೆಂದು ಅವನಿಗೆ ಗೊತ್ತಿತ್ತು. ತಾಳ ತಪ್ಪಲಿಲ್ಲ. ಮೂರನೆಯ ಸಂಜೆಯೂ ಹಾಡಿದ, ನಾಲ್ಕನೆಯ ಸಂಜೆಯೂ ಹಾಡಿದ.

ಬೆನ್ನ ಮೇಲೆ ನೊಣ ಕೂತ ಏಳನೆಯ ದಿನ ರೆಕ್ಕೆ ಏಳಲಿಲ್ಲ. ಗರಿಕವ್ವ ಬಂದು ಪಕ್ಕದಲ್ಲಿ ಕೂತು ಹೇಳಿದಳು: "ಮೊಟ್ಟೆಗಳೆಲ್ಲ ಮಣ್ಣು ಸೇರಿದವು ರೀ. ತುಂಬೆಯ ಹೆಂಡತಿಯದೂ."

"ಎಷ್ಟು?"

"ಎಣಿಸೋಕಾಗಲಿಲ್ಲ."

ಝೇಂಕಪ್ಪನ ಮೀಸೆ ಒಮ್ಮೆ ನೆಟ್ಟಗೆ ನಿಂತಿತು. ಹಾಗೆಯೇ ಕಣ್ಣು ಮುಚ್ಚಿದ.

ಮುಂದಿನ ಮುಂಗಾರಿಗೆ ಆ ಮಣ್ಣು ತುಂಬ ಮರಿಗಳು ಎದ್ದವು. ರೆಕ್ಕೆ ಬಂದಾಗ ನೋಡಿದರೆ ನೂರಕ್ಕೆ ಅರವತ್ತು ಹಾಡದವರು, ನಲವತ್ತು ಹಾಡುವವರು. ನೊಣಗಳು ಬಂದವು, ಅಲ್ಲೊಂದು ಇಲ್ಲೊಂದು ಸ್ವರ ಬಿಟ್ಟರೆ ಬೇರೇನೂ ಕೇಳಿಸದೆ ಬಹುಪಾಲು ಹಸಿದು ಹಿಂದಿರುಗಿದವು. ನೊಣ ಕಡಿಮೆಯಾದ ಮೇಲೆ ಹಾಡುವವರು ತಲೆಮಾರಿನಿಂದ ತಲೆಮಾರಿಗೆ ಮತ್ತೆ ಹೆಚ್ಚುತ್ತ ಬಂದರು. ಹಾಡು ಹೆಚ್ಚಿ ನೊಣ ಮರಳಿದಾಗ ಹಾಡದವರ ಮಕ್ಕಳು ಹೆಚ್ಚಿದರು. ಯಾವ ಜೀರುಂಡೆಯೂ ಹೆದರಿ ತನ್ನ ರೆಕ್ಕೆಯನ್ನು ಬದಲಿಸಿಕೊಂಡಿದ್ದಲ್ಲ. ಪ್ರತಿಯೊಬ್ಬನೂ ಹುಟ್ಟಿದ ಹಾಗೆಯೇ ಬಾಳಿದ. ಆಯಾ ಕಾಲಕ್ಕೆ ಯಾರು ಬದುಕಿ ಸಂಸಾರ ಮಾಡಿದರೋ ಅವರ ಗುಣ ಮಕ್ಕಳಲ್ಲಿ ಹೆಚ್ಚಿತು, ಹಾಗೆ ಹಾಗೆಯೇ ಇಡೀ ಹುಲ್ಲುಗಾವಲು ಬದಲಾಯಿತು. ಬದಲಾಗಲು ಅದರ ಒಳಗೆ ಎರಡೂ ಬಗೆಯವರು ಇದ್ದರು, ಅದಕ್ಕೇ ಅದು ಉಳಿಯಿತು.

ಸ್ವರ ಒಪ್ಪಿಸುವ ಕಟ್ಟಳೆಯನ್ನು ಯಾರೂ ಮತ್ತೆ ಎತ್ತಲಿಲ್ಲ. ಮರಿಗಳು ತುಂಬೆಯನ್ನು ಸುತ್ತುವರಿದು ಕೇಳುತ್ತಿದ್ದವು: "ನಮ್ಮ ತಾತ ಹಾಡುತ್ತಿದ್ದರಾ, ಹಾಡದವರಾ?"

ಜೀವಮಾನದಲ್ಲಿ ಒಂದು ಸ್ವರವನ್ನೂ ಹೊರಡಿಸದ ತುಂಬೆ ತಲೆ ಎತ್ತಿ ಹೇಳುತ್ತಿದ್ದ: "ಹಾಡುತ್ತಿದ್ದರು. ಅವರಂತೆ ಹಾಡಿದವರು ಏಳು ಕೆರೆಯ ಸುತ್ತ ಇಲ್ಲ. ನಾನು ಪಕ್ಕದಲ್ಲೇ ಕೂತು ಕೇಳಿದ್ದೇನೆ."

ಇಷ್ಟು ಕತೆ. ಹಾಲಮ್ಮಜ್ಜಿ ನನಗೆ ಕೊಟ್ಟದ್ದನ್ನು ಒಂದಿಷ್ಟೂ ಉಳಿಸಿಕೊಳ್ಳದೆ ನಿಮಗೆ ಕೊಟ್ಟಿದ್ದೇನೆ. ನೀವೂ ಇಂದು ಮನೆಗೆ ಹೋಗಿ ನಿಮ್ಮ ತಮ್ಮಂದಿರಿಗೆ, ತಂಗಿಯರಿಗೆ ಹೇಳಿ. ಮಾತು ಬಾರದ ಮಗು ಯಾವುದಾದರೂ ಓಣಿಯಲ್ಲಿದ್ದರೆ ಅದನ್ನು ಮೊದಲು ಪಕ್ಕದಲ್ಲಿ ಕೂರಿಸಿಕೊಂಡು, ಆಮೇಲೆ ಹೇಳಿ.

ನೀತಿ: ಒಂದೇ ಗುಣದವರನ್ನು ಉಳಿಸಿಕೊಂಡ ಕುಲ ಒಂದೇ ಕಷ್ಟಕ್ಕೆ ಅಳಿಯುತ್ತದೆ; ಬಗೆಬಗೆಯ ಮಕ್ಕಳನ್ನು ತನ್ನವರೆಂದ ಕುಲ ಕಾಲ ಬದಲಾದರೂ ಬಾಳುತ್ತದೆ.