ಬಾಲದ ಬುತ್ತಿ

ಭೂಮಿ ಇನ್ನೂ ಹಸಿಯಾಗಿದ್ದ ಕಾಲ. ಬೆಟ್ಟದ ಮೇಲೆ ಬೆರಳಿಟ್ಟರೆ ಗುಳಿ ಬೀಳುತ್ತಿತ್ತು. ಯಾರಿಗೆ ಎಷ್ಟು ಕಾಲು, ಯಾರಿಗೆ ಯಾವ ದನಿ ಅಂತ ಇನ್ನೂ ಹಂಚಿ ಮುಗಿದಿರಲಿಲ್ಲ.

ಅಂಥ ಒಂದು ಬೋಳು ಬೆಟ್ಟದ ನೆತ್ತಿಯಲ್ಲಿ ಒಂದು ದೊಣೆ ಇತ್ತು. ದೊಣೆ ಅಂದರೆ ಬಂಡೆಯಲ್ಲೇ ಆದ ಗುಂಡಿ. ಮಳೆ ಬಂದರೆ ತುಂಬುತ್ತೆ, ಬಿಸಿಲು ಬಂದರೆ ಒಣಗುತ್ತೆ. ಆ ದೊಣೆಯಲ್ಲಿ ಒಬ್ಬ ಗೊದಮೊಟ್ಟೆ ಇದ್ದ. ಉಂಡೆ ತಲೆ, ಉದ್ದ ಬಾಲ, ಅಷ್ಟೇ ಮೈ. ಕಾಲಿಲ್ಲ, ಕತ್ತಿಲ್ಲ, ಚಿಂತೆಯಂತೂ ಇಲ್ಲವೇ ಇಲ್ಲ. ಬಂಡೆಗೆ ಅಂಟಿದ ಪಾಚಿ ಕೆರೆದು ತಿನ್ನೋದು, ಬಾಲ ಆಡಿಸಿಕೊಂಡು ಸುತ್ತೋದು, ಮತ್ತೆ ಪಾಚಿ ಕೆರೆಯೋದು.

ದೊಣೆಯ ನೀರು ಅವನಿಗೆ ದಿನಾ ಹೇಳುತ್ತಿದ್ದಳು.

"ನೋಡು ತಮ್ಮ, ನಾನು ಮಳೆ ನೀರು. ಒಂದು ಕಡೆ ನಿಲ್ಲೋಳಲ್ಲ. ಬಿಸಿಲು ಕರೀತಾ ಇದೆ, ಹೊರಡ್ತೀನಿ. ಬೆಟ್ಟದ ಕೆಳಗೆ ದೊಡ್ಡ ಹಳ್ಳ ಇದೆ, ಅದು ಬತ್ತೋದಿಲ್ಲ. ಕಾಲು ಮಾಡಿಸ್ಕೊಂಡು ಅಲ್ಲಿಗೆ ಹೋಗು."

"ಹೋದರಾಯ್ತು ಬಿಡಕ್ಕ. ನೀನಿನ್ನೂ ನನ್ನ ತಲೆ ಮೇಲೆ ಮೊಳದುದ್ದ ಇದೀಯ."

ಮೊಳ ಗೇಣಾಯಿತು. "ಇನ್ನೂ ಗೇಣಿದೆಯಲ್ಲ" ಅಂದ. ಗೇಣು ನಾಲ್ಕು ಬೆರಳಾಯಿತು. ಬೆನ್ನಿಗೆ ಬಿಸಿಲು ಚುರ್ ಅಂದ ಮೇಲೆ ಅವನಿಗೆ ಎಚ್ಚರ. ನೀರು ಹೋದರೆ ತಾನು ಬಂಡೆ ಮೇಲೆ ಒಣಗಿ ತರಗೆಲೆ ಆಗುತ್ತೇನೆ ಅಂತ ಆಗ ಹೊಳೆಯಿತು.

ಕಾಲು ಮಾಡುವ ಕೆಲಸ ಆಗ ಆಮೆಜ್ಜಿಯದು. ಎಲ್ಲಿಗೂ ಅವಸರದಲ್ಲಿ ಓಡದವಳು ಅಂತ ಅವಳಿಗೇ ವಹಿಸಿದ್ದರು. ದೊಣೆಯ ಅಂಚಿನಲ್ಲಿ ಜೇಡಿಮಣ್ಣು ಹರಡಿಕೊಂಡು ಕೂತಿರುತ್ತಿದ್ದಳು. ಅವಳದು ಒಂದೇ ಕಟ್ಟಳೆ. ಬಂದವರು ಏನು ಬೇಕೋ ಒಂದೇ ಸಲ ಹೇಳಬೇಕು.

"ಅಜ್ಜಿ, ಎರಡು ಕಾಲು ಬೇಕು. ಹಿಂದಕ್ಕೆ."

"ಎರಡೇನಾ? ಮುಂದಕ್ಕೆ ಬೇಡವಾ?"

"ಮುಂದೆ ಬಾಯಿದೆಯಲ್ಲ."

ಆಮೆಜ್ಜಿ ಮಣ್ಣಿನ ಉಂಡೆ ಎತ್ತಿಕೊಂಡಳು. "ನಿನ್ನಿಷ್ಟ" ಅಂತ ಉದ್ದನೆಯ ಎರಡು ಕಾಲು ಮಾಡಿ ಬಾಲದ ಬುಡಕ್ಕೆ ಅಂಟಿಸಿದಳು.

ಗೊದಮೊಟ್ಟೆ ಒಮ್ಮೆ ಒದ್ದ. ಅರ್ಧ ಮೈ ಬಂಡೆ ಮೇಲೆ ಬಂತು. ಉಸಿರು ಕಟ್ಟಿತು. ದೊಪ್ಪನೆ ವಾಪಸು ನೀರಿಗೆ.

"ಅಜ್ಜಿ, ಹೊರಗೆ ಉಸಿರಾಡೋಕೆ ಆಗೋದಿಲ್ಲ."

"ಹುಟ್ಟಿದಾಗಿಂದ ನೀರೊಳಗಿನ ಉಸಿರು ಎಳೆದೋನು ನೀನು. ಆಗುತ್ತೆ ಅಂತ ಯಾರು ಹೇಳಿದ್ದರು?"

ಕೈ ತೊಳೆದುಕೊಂಡು ಕೂತಿದ್ದ ಅಜ್ಜಿ ಗಾಳಿಯನ್ನು ಕೂಗಿದಳು. ಗಾಳಿಗೆ ನೂರು ಕೆಲಸ. "ಈಗ ತಾನೇ ಹದ್ದಿಗೆ ಹಾರೋದು ಕಲಿಸಿ ಬಂದೆ. ಇವನದೇನು ರಗಳೆ?" ಅಂತ ಗೊಣಗಿಕೊಂಡೇ ಗೊದಮೊಟ್ಟೆಯ ಎದೆಯೊಳಗೆ ಎರಡು ಸಲ ಊದಿದ. ಎರಡು ಪುಟ್ಟ ಚೀಲ ಬಿಚ್ಚಿಕೊಂಡವು. "ಜೋಪಾನ ಮಾಡ್ಕೋ" ಅಂದು ಹೊರಟೇ ಹೋದ.

ಸ್ವಲ್ಪ ಹೊತ್ತಿಗೆ ಮತ್ತೆ ದನಿ.

"ಅಜ್ಜಿ."

"ಹೇಳಬೇಡ."

"ಬಂಡೆ ಹತ್ತೋಕೆ ಹೋದರೆ ಗಲ್ಲ ತರೀತಿದೆ. ಹಿಂದಿನ ಕಾಲೇನೋ ತಳ್ಳುತ್ತೆ, ಮುಂದೆ ಹಿಡ್ಕೊಳ್ಳೋಕೆ ಏನೂ ಇಲ್ಲ."

"ಆ ಜರಿಹುಳ ಬಂದಿದ್ದ. ನೂರು ಕಾಲು. ಒಂದೇ ಸಲ ಕೇಳಿ, ಒಂದೇ ಸಲ ತಗೊಂಡು ಹೋದ. ನಿನ್ನ ನಾಲ್ಕಕ್ಕೆ ನಾನು ಎರಡು ಸಲ ಮಣ್ಣು ಕಲಸಬೇಕಾ?"

ಬೈಯುತ್ತಲೇ ಕಲಸಿದಳು. ಮಣ್ಣು ಸಾಲದೆ ಮುಂದಿನ ಕಾಲು ಗಿಡ್ಡವಾದವು. ಹಿಂದಿನ ಕಾಲಿಗೆ ಐದೈದು ಬೆರಳಿದ್ದರೆ ಮುಂದಿನದಕ್ಕೆ ನಾಲ್ಕು ನಾಲ್ಕೇ ಆದವು. ಇನ್ನೊಂದೊಂದು ಬೆರಳು ಕೇಳುವ ಧೈರ್ಯ ಅವನಿಗೂ ಬರಲಿಲ್ಲ.

ಅಷ್ಟು ಹೊತ್ತಿಗೆ ದೊಣೆಯಲ್ಲಿ ಒಂದು ಬೆರಳು ನೀರು. "ತಮ್ಮ, ನಾಳೆ ನಾನಿರೋದಿಲ್ಲ" ಅಂದಳು ನೀರು.

ಗೊದಮೊಟ್ಟೆ ಬಂಡೆ ಹತ್ತಿದ. ಇಳಿಜಾರು ನೋಡಿದ. ಹಿಂದಕ್ಕೆ ತಿರುಗಿದ. ಅದನ್ನು ಕಂಡದ್ದೇ ಆಮೆಜ್ಜಿ ತಲೆ ಒಳಗೆಳೆದುಕೊಂಡಳು.

"ಅಜ್ಜಿ, ದಾರಿಯಲ್ಲಿ ಪಾಚಿ ಇಲ್ಲ. ಬರೀ ಹುಳ. ನನ್ನದು ಪಾಚಿ ಕೆರೆಯೋ ಬಾಯಿ. ಹುಳ ಇದರೊಳಗೆ ಹಿಡಿಸೋದಿಲ್ಲ."

ಚಿಪ್ಪಿನೊಳಗಿಂದ ಉದ್ದನೆಯ ಒಂದು ನಿಟ್ಟುಸಿರು ಬಂತು. ಆಮೇಲೆ ಅಜ್ಜಿ ಬಂದಳು. ಅವನ ಬಾಯಿಯ ಎರಡೂ ಕೊನೆ ಹಿಡಿದು ಕೆನ್ನೆಯ ಆ ತುದಿಯಿಂದ ಈ ತುದಿವರೆಗೆ ಎಳೆದಳು.

"ತಗೋ. ಇದು ವಾಸಿಯಾಗೋಕೆ ಐದು ದಿನ ಬೇಕು. ಅಲ್ಲೀವರೆಗೆ ಬಾಯಿಗೆ ಏನೂ ಹಾಕ್ಕೋಬಾರದು."

"ಐದು ದಿನ ಏನು ತಿನ್ನಲಿ?"

"ಬುತ್ತಿ ಎಲ್ಲಿ?"

"ಯಾವ ಬುತ್ತಿ?"

ಆಮೆಜ್ಜಿ ಮಣ್ಣಿನ ಕೈಯನ್ನೇ ಹಣೆಗೆ ಒತ್ತಿಕೊಂಡಳು. ದೂರದ ದಾರಿಗೆ ಹೊರಟವರು ಬುತ್ತಿ ಕಟ್ಟಿಕೊಳ್ಳದೆ ಹೊಸಿಲು ದಾಟುತ್ತಾರಾ? ಇರುವೆಗೂ ಗೊತ್ತಿರುವ ಮಾತು. ಇವನು ನಾಲ್ಕು ಸಲ ಬಂದ, ನಾಲ್ಕು ಸಲವೂ ಬುತ್ತಿಯ ಸುದ್ದಿ ಎತ್ತಲಿಲ್ಲ.

"ನೀನೇ ಏನಾದರೂ ಕಟ್ಟಿಕೊಡಜ್ಜಿ."

"ಕೊಟ್ಟರೆ ಯಾವ ಬಾಯಲ್ಲಿ ತಿಂತೀಯೋ?"

ಗೊದಮೊಟ್ಟೆ ಕಂಗಾಲಾದ. ಹಿಂದಕ್ಕೆ ಹೋದರೆ ನೀರಿಲ್ಲ, ಮುಂದಕ್ಕೆ ಹೋದರೆ ಐದು ದಿನ ಉಪವಾಸ. ಅವನು ಬಾಲ ಜೋಲು ಹಾಕಿಕೊಂಡು ನಿಂತ. ಅಜ್ಜಿಯ ಕಣ್ಣು ಅಲ್ಲಿಗೆ ಹೋಯಿತು.

"ಅದೇನದು, ಹಿಂದೆ ಎಳ್ಕೊಂಡು ತಿರುಗ್ತಿದೀಯಲ್ಲ?"

"ಬಾಲ."

"ಚೆನ್ನಾಗಿ ದಪ್ಪಗಿದೆ. ಇಷ್ಟು ದಿನ ತಿಂದ ಪಾಚಿಯೆಲ್ಲ ಅಲ್ಲೇ ಕೂತಿದೆ. ಅದೇ ಬುತ್ತಿ. ಒಳಗಿಂದೊಳಗೇ ಒಂದೊಂದು ತುತ್ತು ಇಳಿಸ್ಕೊಂಡು ನಡಿ."

ಗೊದಮೊಟ್ಟೆ ಬಾಲವನ್ನು ಮೈಗೆ ಒತ್ತಿಕೊಂಡ. ಆಮೇಲೆ ಸಣ್ಣ ದನಿಯಲ್ಲಿ ಕೇಳಿದ.

"ಅಜ್ಜಿ, ನಾನು ಈಜೋದೇ ಇದರಿಂದ. ನನಗೆ ಬರೋದು ಅದೊಂದೇ. ಇದನ್ನೂ ತಿಂದುಬಿಟ್ಟರೆ ಕೆಳಗಿನ ಹಳ್ಳದಲ್ಲಿ ನಾನು ಯಾರು?"

ಅಜ್ಜಿಯ ಸಿಟ್ಟು ಅರ್ಧ ಇಳಿಯಿತು.

"ನನಗೂ ಗೊತ್ತಿಲ್ಲ ಮಗ. ಹೋಗಿ ನೋಡು. ಇಲ್ಲೇ ಇದ್ದರೆ ಬಾಲ ಇರುತ್ತೆ, ನೀನಿರೋದಿಲ್ಲ."

ಹೊರಟ. ಒಂದು ಕಲ್ಲಿನ ನೆರಳಿಂದ ಇನ್ನೊಂದು ಕಲ್ಲಿನ ನೆರಳಿಗೆ. ಮೊದಲ ದಿನ ಬಾಲದ ತುದಿ ಕರಗಿತು. ಮೂರನೇ ದಿನ ಅರ್ಧ ಬಾಲವಿತ್ತು, ಹಿಂತಿರುಗಿ ನೋಡಿದರೆ ದೊಣೆ ಬೆಳ್ಳಗೆ ಒಣಗಿತ್ತು. ಐದನೇ ದಿನ ಹಳ್ಳದ ದಡ ಮುಟ್ಟಿದಾಗ ಹಿಂದೆ ತಡವಿದರೆ ಬಾಲದ ಒಂದು ಗುಬುಟೂ ಇಲ್ಲ.

ಮುಳುಗುತ್ತೇನೆ ಅಂದುಕೊಂಡೇ ಕಣ್ಣು ಮುಚ್ಚಿ ಹಾರಿದ. ಹಿಂದಿನ ಎರಡು ಕಾಲು ತಾವಾಗಿಯೇ ಮಡಿಚಿ ಒದ್ದವು. ಸುಯ್ಯನೆ ಮುಂದಕ್ಕೆ ಹೋದ. ಮತ್ತೊಮ್ಮೆ ಒದ್ದ, ಮತ್ತೂ ಮುಂದಕ್ಕೆ. ಜಗತ್ತಿನ ಮೊದಲ ಕಪ್ಪೆ ಈಜಿದ್ದು ಹೀಗೆ.

ಇಷ್ಟೆಲ್ಲ ಪಾಡು ಪಟ್ಟವನು ಬುದ್ಧಿ ಕಲಿತನಾ ಅಂದರೆ, ಅದೂ ಇಲ್ಲ. ಅವನ ಹಿಂದೆಯೇ ಇನ್ನೊಂದು ದೊಣೆಯಿಂದ ಇಳಿದು ಬಂದವಳು ಹಳ್ಳದಲ್ಲಿ ಜೊತೆಯಾದಳು, ಸಂಸಾರವಾಯಿತು, ಮಳೆ ಬಂತು. ಬತ್ತದ ಹಳ್ಳ ಬಿಟ್ಟು ಅದೇ ಬೆಟ್ಟ ಹತ್ತಿ, ಅದೇ ದೊಣೆಯಲ್ಲಿ ಮೊಟ್ಟೆ ಇಡಿಸಿದ. ಮಕ್ಕಳಿಗೆ ನಾಲ್ಕು ಕಾಲನ್ನೂ ಒಟ್ಟಿಗೆ ಕೇಳಿ ಅಂತಲಾದರೂ ಹೇಳಬೇಕಿತ್ತು. ಹೇಳಲಿಲ್ಲ. ಮಕ್ಕಳೂ ಮೊದಲು ಹಿಂದಿನ ಎರಡು ಕಾಲನ್ನೇ ಕೇಳಿದವು. ಆಮೆಜ್ಜಿ ಇವತ್ತಿಗೂ ಯಾರ ಹೆಜ್ಜೆ ಸಪ್ಪಳ ಕೇಳಿದರೂ ತಲೆ ಒಳಗೆಳೆದುಕೊಳ್ಳೋದು ಸುಮ್ಮನೆ ಅಲ್ಲ.

ಮಳೆ ನಿಂತ ಮೇಲೆ ಗುಂಡಿಯ ಅಂಚಿನಲ್ಲಿ ನಾಲ್ಕು ಕಾಲು, ಅರ್ಧ ಬಾಲದ ಪುಟ್ಟದೊಂದು ಕಪ್ಪೆಮರಿ ಕೂತಿದ್ದು, ಮೂಗಿನ ಮುಂದೆಯೇ ಇರುವೆ ಹಾದರೂ ಬಾಯಿ ಬಿಡದಿದ್ದರೆ, ಕಡ್ಡಿಯಿಂದ ತಿವಿಯಬೇಡ ಮಗು, ಅದು ದಾರಿಯಲ್ಲಿ ಕೂತು ಬುತ್ತಿ ಉಣ್ಣುತ್ತಿದೆ.